ಹಾರ್ಟ್‌ವೆಲ್ ಹಾಲ್‌ಗಾಗಿ ಮೂರು ನಿಮಿಷ

"ಮೂರೇ ನಿಮಿಷ ಕಣ್ರೀ. ನೆಟ್ಟಗೆ ವಿಷಯಕ್ಕೆ ಬನ್ನಿ," ಎಂದು ಜಯಾ ಮನೆ ಬಿಡುವಾಗಲೇ ಗಂಡನಿಗೆ ಹೇಳಿದ್ದಳು. ಕಾರು ಪಾರ್ಕ್ ಮಾಡುವಾಗ ಇನ್ನೊಮ್ಮೆ ಹೇಳಿದಳು. ಶೇಷಗಿರಿ ಎರಡು ಸಲವೂ "ಗೊತ್ತು ಕಣೇ" ಎಂದ. ಆ ಮಾತು ಕೇಳಿ ಕೇಳಿ ಅವಳಿಗೆ ಸಾಕಾಗಿಹೋಗಿತ್ತು.

ಅವರು ಈ ಪರದೇಶಕ್ಕೆ ಬಂದು ಮನೆ ಕೊಂಡಾಗ ಆ ಜಾಗ ಹಾರ್ಟ್‌ವೆಲ್ ಟೌನ್‌ಶಿಪ್ ಎಂಬ, ತನ್ನದೇ ಆಡಳಿತವಿದ್ದ ಹಳ್ಳಿಯಾಗಿತ್ತು. ಜೋಳದ ಹೊಲ, ಸೇಬಿನ ತೋಟ, ನಡುವೆ ಊರ ಸಭೆಗೆಂದು ಮರದ ಹಲಗೆಯ ಒಂದು ಹಾಲ್. ಪಕ್ಕದ ನಗರ ನೀರು ಕೊಡುತ್ತೇನೆಂದು ಒಂದು ಮೂಲೆ ಎಳೆದುಕೊಂಡಿತು, ಚರಂಡಿ ಕೊಡುತ್ತೇನೆಂದು ಇನ್ನೊಂದು. ಕೊನೆಗೆ ಟೌನ್‌ಶಿಪ್ಪನ್ನೇ ನುಂಗಿ ನೀರು ಕುಡಿಯಿತು. ಇವರು ಮನೆ ಬಿಟ್ಟು ಕದಲಲಿಲ್ಲ, ಊರೇ ಬದಲಾಯಿತು. ಉಳಿದದ್ದು ಆ ಹಾಲ್ ಒಂದೇ. ಅದನ್ನೂ ಕೆಡವಿ ಪಾರ್ಕಿಂಗ್ ಮಾಡಬೇಕೇ ಎಂದು ಈ ಸಂಜೆ ಸಿಟಿ ಕೌನ್ಸಿಲ್ ಓಟು ಹಾಕಲಿತ್ತು. ಅದಕ್ಕೆ ಮೊದಲು ಮಾತಾಡಬಯಸುವ ನಾಗರಿಕರಿಗೆ ತಲಾ ಮೂರು ನಿಮಿಷ.

ವಿಕ್ಸಮ್ ಎಂಬ ಊರಿನಲ್ಲಿದ್ದ ಆಫೀಸ್ ಕೆಲಸದಿಂದ ನಿವೃತ್ತನಾದ ಮೇಲೆ ಶೇಷಗಿರಿ ಟೌನ್‌ಶಿಪ್ಪಿನ ಇತಿಹಾಸ ಬರೆಯುತ್ತ ಕೂತಿದ್ದ. ಊಟಕ್ಕೆ ಕರೆದರೆ ಮೊದಲ ಗಿರಣಿಯ ಕಥೆ, ಹಾಲು ತನ್ನಿ ಎಂದರೆ ಬಾರದೆ ಹೋದ ರೈಲಿನ ಕಥೆ. ಜಯಾಳ ತಲೆ ಚಿಟ್ಟು ಹಿಡಿದಿತ್ತು. ಆದರೂ ಹಾಲ್ ಉಳಿಯಲಿ ಎಂಬ ಆಸೆ ಅವಳಿಗೆ ಅವನಿಗಿಂತ ಹೆಚ್ಚೇ ಇತ್ತು.

ಅವನ ಸರದಿ ಬಂತು. ಭಾಷೆ ಇಂಗ್ಲಿಷ್, ಧಾಟಿ ಮಾತ್ರ ಕನ್ನಡ ಕೂಟದ ರಾಜ್ಯೋತ್ಸವದ್ದು. ಮಾನ್ಯ ಮೇಯರ್ ಅವರಿಗೆ ವಂದನೆ. ವೇದಿಕೆಯ ಮೇಲಿದ್ದ ಒಬ್ಬೊಬ್ಬ ಸದಸ್ಯರಿಗೂ ಹೆಸರು ಹಿಡಿದು ವಂದನೆ. ನಗರದ ವಕೀಲರಿಗೆ, ಮೈಕ್ ಸರಿಮಾಡಿಕೊಟ್ಟ ಹೆಂಗಸಿಗೆ, ನೆರೆದ ನಾಗರಿಕರಿಗೆ. ಇಂಥ ಅವಕಾಶ ಸಿಕ್ಕಿದ್ದು ತನ್ನ ಪೂರ್ವಜನ್ಮದ ಪುಣ್ಯ ಎಂದೂ ಸೇರಿಸಿದ. ಜಯಾ ಹಣೆ ಚಚ್ಚಿಕೊಂಡಳು. ಕೊನೆಗೆ "ಹಾರ್ಟ್‌ವೆಲ್ ಟೌನ್‌ಶಿಪ್" ಎಂದು ಅವನು ಬಾಯಿ ತೆರೆಯುವಷ್ಟರಲ್ಲಿ ಮೂರು ನಿಮಿಷ ಮುಗಿದ ಗಂಟೆ ಹೊಡೆಯಿತು.

ಮೇಯರ್ ಥ್ಯಾಂಕ್ಸ್ ಹೇಳಿ, ಇನ್ನು ಯಾರಾದರೂ ಇದ್ದಾರೆಯೇ ಎಂದರು. ಜಯಾಳನ್ನು ಎಬ್ಬಿಸಿದ್ದು ಸಿಟ್ಟೇ. ಗಂಡನನ್ನು ಪಕ್ಕಕ್ಕೆ ಸರಿಸಿ ಮೈಕ್ ಹಿಡಿದಳು.

ಟೌನ್‌ಶಿಪ್ ಇದ್ದ ಕಾಲದ ಒಂದು ಚಳಿಗಾಲ ಐಸ್ ಬಿದ್ದು ಕರೆಂಟ್ ಹೋಗಿತ್ತು, ಗಂಡ ಆಫೀಸ್ ಕೆಲಸಕ್ಕೆ ದೂರದ ಓಕ್ ಬ್ರೂಕ್ ಊರಿಗೆ ಹೋಗಿದ್ದ, ತಾನು ತುಂಬು ಗರ್ಭಿಣಿ ಎಂದಳು. ಹೆಸರೂ ಗೊತ್ತಿಲ್ಲದ ಟೌನ್‌ಶಿಪ್ ಜನ ಬಾಗಿಲು ಬಡಿದು, ಕಂಬಳಿ ಹೊದಿಸಿ, ಬೆಂಕಿ ಹಾಕಿದ್ದ ಆ ಹಾಲ್‌ಗೆ ಕರೆದೊಯ್ದರು. ರಸ್ತೆ ಮುಚ್ಚಿ ಆಂಬ್ಯುಲೆನ್ಸ್ ಬರಲಿಲ್ಲ. ಮಗಳು ಮಾನ್ಯಾ ಹುಟ್ಟಿದ್ದು ಅಲ್ಲೇ. "ಅವಳು ಹುಟ್ಟಿದ ಊರು ಈಗ ಮ್ಯಾಪಿನಲ್ಲಿಲ್ಲ. ಆ ಹಾಲ್ ಕೂಡ ಕೆಡವಿದರೆ ಅವಳಿಗೆ ನಾನು ಏನು ತೋರಿಸಲಿ?" ಎಂದು ಕೇಳಿ, ಯಾರಿಗೂ ವಂದಿಸದೆ ಬಂದು ಕೂತಳು.

ಒಂದೇ ಓಟಿನಿಂದ ಹಾಲ್ ಉಳಿಯಿತು.

ಶೇಷಗಿರಿ ಕಾರಿಗೆ ಬಂದು ಜಯಾಳ ಪಕ್ಕದ ಸೀಟಿನಲ್ಲಿ ಕೂತ. ಆಮೇಲೆ, "ನಾನು ಬರೆದಿದ್ರಲ್ಲಿ ಇದೇ ಇಲ್ಲ ಕಣೇ," ಎಂದ.

"ಎಲ್ಲಿಂದ ಬರುತ್ತೆ? ಅವತ್ತು ಹೇಗಿತ್ತು ಅಂತ ನೀವು ಒಂದಿನಾನಾದ್ರೂ ಕೇಳಿದೀರಾ?" ಎಂದಳು ಜಯಾ. ಇಷ್ಟು ವರ್ಷ ಅವಳು ಕಾದಿದ್ದೇ ಆ ಪ್ರಶ್ನೆಗೆ.

ಅವನು ತಲೆ ತಗ್ಗಿಸಿದ. "ಈಗ ಕೇಳ್ತಿದೀನಿ. ಮೊದಲಿಂದ ಹೇಳು."

ಜಯಾ ಕಾರು ಸ್ಟಾರ್ಟ್ ಮಾಡಿದಳು. "ಸೀಟ್ ಬೆಲ್ಟ್ ಹಾಕ್ಕೊಳ್ಳಿ. ಮಧ್ಯೆ ಬಾಯಿ ಹಾಕಿದ್ರೆ ಇಲ್ಲೇ ಇಳಿಸಿಬಿಡ್ತೀನಿ."