ಬೀಗರ ಧ್ವನಿ

ನನ್ನ ಬೀಗರು ಜೆನೊನ್ ಪೋಲೆಂಡಿನಲ್ಲಿ ಹತ್ತೊಂಬತ್ತು ಸಿನಿಮಾಗಳಲ್ಲಿ ನಟಿಸಿದವರು. ೧೯೮೨ರಲ್ಲಿ ಆಸ್ಟ್ರೇಲಿಯಾದ ಪರ್ತ್‌ಗೆ ಬಂದ ಮೇಲೆ ಕ್ಯಾಮೆರಾ ಮುಂದೆ ನಿಲ್ಲಲಿಲ್ಲ. ಇಪ್ಪತ್ತಾರು ವರ್ಷ ಬೇಕರಿಯಲ್ಲಿ ಬ್ರೆಡ್ಡು ಬೇಯಿಸಿದರು. ಅವರ ಮಗಳು ಹಾಂಕಾ ನನ್ನ ಮಗ ಉತ್ತಮನ ಹೆಂಡತಿ. ಪರ್ತ್‌ನ ವಿಲೆಟನ್ ಬಡಾವಣೆಯಲ್ಲಿ ಅವರೆಲ್ಲ ಒಟ್ಟಿಗಿದ್ದ ಮನೆಗೆ ನಾನು ಮೈಸೂರಿನಿಂದ ಬಂದು ಐದು ತಿಂಗಳಾಗಿತ್ತು. ಮಕ್ಕಳು ಕೆಲಸಕ್ಕೆ ಹೋದ ಮೇಲೆ, ಹಿತ್ತಲಿನ ನೆರಳಿನಲ್ಲಿ ಬೀಗರು ಸ್ಕೂಲಿನಲ್ಲಿ ಕಲಿತ ಪೋಲಿಷ್ ಪದ್ಯಗಳನ್ನು ಹೇಳುತ್ತಿದ್ದರು. ನನಗೆ ಒಂದಕ್ಷರ ಅರ್ಥವಾಗದು. ಆದರೂ ಗಮಕ ಕೇಳಿ ಬೆಳೆದವಳು. ಜಪಸರ ಹಿಡಿದು ಕೂತು ಕೇಳುತ್ತಿದ್ದೆ. ಈ ವಿಷಯ ಮಕ್ಕಳಿಗೆ ಗೊತ್ತಿರಲಿಲ್ಲ.

ಬೀಗರಿಗೆ ಗಂಟಲಿನ ಕ್ಯಾನ್ಸರ್ ಪತ್ತೆಯಾಗಿ, ಬುಧವಾರ ಧ್ವನಿಪೆಟ್ಟಿಗೆ ತೆಗೆಯುವುದೆಂದು ತೀರ್ಮಾನವಾಯಿತು. ಆಪರೇಷನ್ ಆದ ಮೇಲೆ ಅವರು ಟ್ಯಾಬ್‌ನಲ್ಲಿ ಟೈಪ್ ಮಾಡಿದ್ದನ್ನು ಅವರದೇ ಧ್ವನಿಯಲ್ಲಿ ನುಡಿಯುವ ಹಾಗೆ ಉತ್ತಮ ಏರ್ಪಾಡು ಮಾಡಿದ. ಭಾನುವಾರ ಎಲ್ಲರನ್ನೂ ಕೂರಿಸಿ ಕೇಳಿಸಿದ.

ಟ್ಯಾಬ್‌ನಿಂದ ತುಂಬಿದ, ನುಣುಪಾದ ಧ್ವನಿಯೊಂದು ಹಾಂಕಾಳ ಹೆಸರು ಹಿಡಿದು ಪೋಲಿಷ್‌ನಲ್ಲಿ ಏನೋ ಹೇಳಿತು. ಅವಳು ಅಪ್ಪನ ಭುಜಕ್ಕೆ ಮುಖ ಒತ್ತಿ ಅತ್ತಳು.

“ಈಗಿನ ವಾಯ್ಸ್ ಬರೀ ಗೊರಗೊರ ಅನ್ನತ್ತಮ್ಮ. ಅದಕ್ಕೆ ಹಳೇ ಸಿನಿಮಾಗಳಿಂದ ತೆಗ್ದೆ. ಹೆಂಗಿದೆ, ಹೀರೋ ಥರ ಇಲ್ವಾ?” ಎಂದ ಉತ್ತಮ.

ಅದು ಬೀಗರ ಧ್ವನಿಯಲ್ಲ. ವಯಸ್ಸಿಗೆ, ಕಾಯಿಲೆಗೆ ಕಂಠ ಒಡೆಯಬಹುದು. ನುಡಿಯುವ ನಡೆ ಬದಲಾಗುವುದಿಲ್ಲ. ಅವರು ಸಾಲಿನ ಕೊನೆಯನ್ನು ದೂರದವರನ್ನು ಕೂಗುವ ಹಾಗೆ ಎಳೆಯುತ್ತಾರೆ. ಇದು ಕತ್ತರಿಸಿಟ್ಟ ಹಾಗೆ ನಿಲ್ಲುತ್ತಿತ್ತು.

“ಅದು ನೀವಲ್ಲ,” ಎಂದೆ ಮಾರನೆಯ ದಿನ, ನನ್ನ ಮುರುಕು ಇಂಗ್ಲಿಷಿನಲ್ಲಿ.

ಅವರು ಕುರ್ಚಿಯನ್ನು ನನ್ನತ್ತ ತಿರುಗಿಸಿಕೊಂಡರು. “ಮಿಸೆಸ್ ರುಕ್ಮಿಣಿ, ನಿಮ್ಮ ಕಿವಿ ಪೊಲೀಸಿನಲ್ಲಿರಬೇಕಿತ್ತು.” ಆಮೇಲೆ ಹೇಳಿದರು. ಸಿನಿಮಾದವರಿಗೆ ಅವರ ಮುಖ, ಮೈಕಟ್ಟು, ಕುದುರೆ ಸವಾರಿ ಎಲ್ಲ ಒಪ್ಪಿಗೆಯಾಗಿತ್ತು. ಮಾತು ಮಾತ್ರ ಹಳ್ಳಿಯದು. ಕೊಟ್ಟಿಗೆ ವಾಸನೆ ಹೊಡೆಯುತ್ತದೆ ಎಂದನಂತೆ ಮೊದಲ ನಿರ್ದೇಶಕ. ಹತ್ತೊಂಬತ್ತು ಸಿನಿಮಾಗಳಿಗೂ ವಾರ್ಸಾದ ನಾಟಕದವನೊಬ್ಬ ಡಬ್ಬಿಂಗ್ ಮಾಡಿದ. ನಿನ್ನ ಧ್ವನಿ ಯಾಕೆ ಹೀಗಾಯಿತು ಎಂದು ಮಗಳು ಚಿಕ್ಕಂದಿನಲ್ಲಿ ಕೇಳಿದಾಗ, ಸಿಗರೇಟು ಎಂದಿದ್ದರು.

“ಈಗಲಾದರೂ ಮಗಳಿಗೆ ಹೇಳಿ. ಉತ್ತಮ ನಿಮ್ಮ ಧ್ವನಿಯನ್ನು ಹಿಡಿದಿಡಲಿ.”

“ಅವಳಮ್ಮನ ಅಂತ್ಯಕ್ರಿಯೆಯಲ್ಲಿ ಹಾಂಕಾ ಆ ಸಿನಿಮಾದ ಧ್ವನಿಯನ್ನೇ ನನ್ನದೆಂದು ಕೇಳಿಸಿದಳು. ಬೇಡ. ನೀವೂ ಹೇಳಬೇಡಿ.”

ಆಯಿತು ಎಂದೆ. ಜಪಕ್ಕೆ ಕೂತರೆ ಮನಸ್ಸು ನಿಲ್ಲಲಿಲ್ಲ. ಎರಡು ದಿನ ಕಳೆದರೆ ಆ ಕಂಠ ಭೂಮಿಯ ಮೇಲೆ ಎಲ್ಲೂ ಇರುವುದಿಲ್ಲ. ಸಂಜೆ ಉತ್ತಮನಿಗೆ ಎಲ್ಲ ಹೇಳಿಬಿಟ್ಟೆ.

ಅವನು ಕುರ್ಚಿ ಎಳೆದು ಕೂತ. “ಹಾಂಕಾಗೆ ಹೇಳ್ಬೇಡಮ್ಮ, ಕುಸಿದುಹೋಗ್ತಾಳೆ. ಸುಮ್ನೆ ಬ್ಯಾಕಪ್‌ಗೆ ಅಂತ ರೆಕಾರ್ಡ್ ಮಾಡ್ಕೋತೀನಿ.”

“ನಾನು ಹೇಳಿದೆ ಅಂತ ಗೊತ್ತಾಗ್ಬಾರ್ದು ಕಣೋ.”

“ನನಗೇನು ಅಷ್ಟೂ ಬುದ್ಧಿ ಇಲ್ವಾ?”

ಮಂಗಳವಾರ ರಜೆ ಹಾಕಿ, ಮೈಕು ತಂದು ಬೀಗರ ಮುಂದಿಟ್ಟ. “ಏನಾದರೂ ಮಾತಾಡಿ. ಮಧ್ಯಾಹ್ನ ಹೇಳ್ತೀರಲ್ಲ, ಆ ಪದ್ಯ ಆದರೂ ಸರಿ.”

ಪದ್ಯದ ವಿಷಯ ನನ್ನೊಬ್ಬಳಿಗೇ ಗೊತ್ತಿದ್ದದ್ದು. ಬೀಗರು ಅವನ ಭುಜದ ಮೇಲಿಂದ ನನ್ನನ್ನು ನೋಡಿದರು. ಕೋಪವಿರಲಿಲ್ಲ. ಮೈಕನ್ನು ಮೆಲ್ಲಗೆ ಆಚೆ ತಳ್ಳಿ ಎದ್ದುಹೋದರು. ಆಮೇಲೆ ಅವರು ಯಾರೊಡನೆಯೂ ಮಾತಾಡಲಿಲ್ಲ. ಊಟಕ್ಕೆ ಕರೆದರೆ ತಲೆಯಾಡಿಸಿದರು. ಮಗಳು ಕೆನ್ನೆ ಸವರಿದರೆ ನಕ್ಕರು, ಅಷ್ಟೆ.

“ಅಪ್ಪ ಹೆದರಿದಾನೆ, ಅತ್ತೆ,” ಎಂದಳು ಹಾಂಕಾ, ತಾನು ಕಲಿತ ಕನ್ನಡದಲ್ಲಿ. “ಬಿಟ್ಬಿಡಿ ಅವನನ್ನ.”

ಉಳಿದಿದ್ದ ಒಂದು ದಿನದ ಮಾತನ್ನೂ ನಾನೇ ಕಸಿದಿದ್ದೆ. ಅವಳಿಗೆ ಏನೆಂದು ಹೇಳಲಿ?

ಬುಧವಾರ ಬೆಳಗ್ಗೆ ಆಸ್ಪತ್ರೆಯಲ್ಲಿ ಉತ್ತಮ ಕಾರು ನಿಲ್ಲಿಸಲು ಹೋದ, ಹಾಂಕಾ ಕೌಂಟರಿನಲ್ಲಿದ್ದಳು. “ತಪ್ಪಾಯಿತು,” ಎಂದೆ ಗಾಲಿಮಂಚದ ಮೇಲೆ ಮಲಗಿದ್ದ ಬೀಗರಿಗೆ. ಅವರು ನನ್ನ ಕೈ ತಟ್ಟಿದರು. ಅಷ್ಟರಲ್ಲಿ ನರ್ಸ್ ಬಂದು, ನಿಮ್ಮ ಹೆಸರು, ಹುಟ್ಟಿದ ತಾರೀಖು ನೀವೇ ಹೇಳಬೇಕು ಎಂದಳು.

ಅವರು ಗಂಟಲು ಸರಿಮಾಡಿಕೊಂಡು ಪೂರ್ತಿ ಹೆಸರು ಹೇಳಿದರು. ತಾರೀಖು ಹೇಳಿದರು. ಕೇಳದಿದ್ದರೂ ತಮ್ಮ ಅಪ್ಪನ ಹೆಸರು, ಹಳ್ಳಿಯ ಹೆಸರು, ಅದರ ಪಕ್ಕದ ಹೊಳೆಯ ಹೆಸರು, ಪದ್ಯದ ಸಾಲಿನ ಹಾಗೆ ಕೊನೆ ಎಳೆದು ಹೇಳಿದರು.

ನರ್ಸ್ ಕೈಪಟ್ಟಿ ತಿರುಗಿಸಿ ಓದಿಕೊಂಡಳು. “ಹೆಸರು, ತಾರೀಖು ಇಷ್ಟೇ ಸಾಕು,” ಎಂದು ಮಂಚ ತಳ್ಳಿದಳು.