ಸ್ಟೇಟಸ್‌ಗೆ ಏರಿದ ವಿಮಾನ

ಬೀದಿಯ ವಾಟ್ಸಾಪ್ ಗ್ರೂಪಿಗೆ ಒಂದು ವಾಯ್ಸ್ ಮೆಸೇಜು ಬಂದರೆ ಸಾಕು, ಹುಣಸಮಾರನಹಳ್ಳಿಯ ಆ ಬೀದಿಯಲ್ಲಿ ಹಾಲು ಉಕ್ಕಿ ಒಲೆ ಆರಿದರೂ ಯಾರಿಗೂ ಎಚ್ಚರವಿರುವುದಿಲ್ಲ. ಅವತ್ತು ಬಂದದ್ದೂ ಅಂಥದ್ದೇ. ಯಾರೋ ಗುರುತಿಲ್ಲದ ಗಂಡಸು ದನಿ ಇಳಿಸಿ ಹೇಳುತ್ತಿದ್ದ: "ವಾಯುನೆಲೆ ಪಕ್ಕ ಬಾಡಿಗೆಗೆ ಬರೋರ ಮೇಲೆ ಕಣ್ಣಿಡಿ. ಸಂಸಾರಸ್ಥರ ತರ ಬರ್ತಾರೆ, ಇಲ್ಲಿಂದ ಮಾಹಿತಿ ಕಳಿಸ್ತಾರೆ."

ಕೇಳಿದ್ದೇ ತಡ, ಮುನಿಕೃಷ್ಣಮ್ಮ ತಮ್ಮ ತಾರಸಿಯತ್ತ ಕತ್ತೆತ್ತಿ ನೋಡಿದರು. ಅವರ ಮೇಲಿನ ಮನೆಯಲ್ಲಿ ಬಾಡಿಗೆಗಿದ್ದವನು ಗೂಡ್ಸ್ ಆಟೋ ಓಡಿಸುವ ಮುಬಶ್ಶಿರ್. ಅವನ ಮಗಳು ಶಾಜಿಯಾ ಎರಡನೇ ಪಿಯುಸಿ. ದಿನಾ ಸಂಜೆ ಫೋನ್ ಹಿಡಿದು ತಾರಸಿಯಲ್ಲೇ ಇರುತ್ತಿದ್ದಳು.

ಮರುದಿನವೇ ಮುನಿಕೃಷ್ಣಮ್ಮ ಆಟೋ ತಡೆದು ನಿಲ್ಲಿಸಿದರು. "ತಿಂಗಳ ಕೊನೇಗೆ ಮನೆ ಖಾಲಿ ಮಾಡಪ್ಪ."

"ಅಮ್ಮಾ, ಮಗಳ ಪರೀಕ್ಷೆ ಮುಗಿಯೋವರ್ಗಾದ್ರೂ..."

"ನಂಗೇನೂ ಏಳ್ಬೇಡ."

ಅವರ ಅನುಮಾನ ಬೀದಿಯ ಗ್ರೂಪಿಗೂ ಹೋಯಿತು. ಅಂದಿನಿಂದ ಶಾಜಿಯಾ ತಾರಸಿಗೆ ಬರಲಿಲ್ಲ. ಮೆಟ್ಟಿಲ ಮೇಲೆ ಕೂತು ಓದುತ್ತಿದ್ದಳು. ಯಾರಾದರೂ ಬಂದರೆ ಪುಸ್ತಕ ಮಡಿಚಿ ಒಳಗೆ ಸರಿಯುತ್ತಿದ್ದಳು.

ಭಾನುವಾರ ಮುನಿಕೃಷ್ಣಮ್ಮನ ತಂಗಿಯ ಮಗಳು ಯಶೋಧಾ ಬಂದಳು. ಚಿಕ್ಕಜಾಲದ ಶಾಲೆಯೊಂದರಲ್ಲಿ ಟೀಚರ್.

"ದೊಡ್ಡಮ್ಮ, ಆ ಹುಡುಗಿ ಯಾಕೆ ಮೆಟ್ಟಿಲ ಮೇಲೆ ಕೂತಿದ್ದಾಳೆ?"

"ಕೂತ್ಕೊಳ್ಳಿ ಬಿಡು. ತಾರಸೀಲಿ ಇಮಾನದ ಫೋಟೋ ತೆಗೀತಿದ್ಲು."

"ನೀವು ನೋಡಿದ್ರಾ?"

"ಫೋನ್ ಇಡ್ಕೊಂಡು ನಿಂತಿದ್ದು ನೋಡ್ದೆ. ಇನ್ನೇನು, ಆಕಾಸಕ್ಕೆ ದೋಸೆ ಉಯ್ತಾಳಾ?"

ಯಶೋಧಾ ನಕ್ಕುಬಿಟ್ಟಳು. ಆಮೇಲೆ ಮೆಲ್ಲಗೆ ಹೇಳಿದಳು. "ಬರ್ತಾ ಅವಳನ್ನ ಮಾತಾಡಿಸ್ದೆ. ಒಳಗೆ ನೆಟ್‌ವರ್ಕ್ ಸಿಗಲ್ವಂತೆ. ಕಾಲೇಜಿಂದ ಗಣಿತದ ಪಾಠ ಫೋನಿಗೆ ಕಳಿಸ್ತಾರೆ, ಅದನ್ನ ನೋಡೋಕೆ ಮೇಲೆ ಹೋಗ್ತಿದ್ಲು. ನಾನು ಕೇಳ್ದೇನೇ ಫೋನ್ ನನ್ ಕೈಗೆ ಕೊಟ್ಲು, ನೋಡಿ ಮೇಡಂ ಅಂತ. ಓದೋ ಹುಡುಗಿ ಕಳ್ಳಿ ತರ ಫೋನ್ ತೋರಿಸ್ಬೇಕಾಯ್ತಲ್ಲ ದೊಡ್ಡಮ್ಮ."

ಮುನಿಕೃಷ್ಣಮ್ಮ ಸೆರಗು ಸರಿಮಾಡಿಕೊಂಡರು. "ಆದ್ರೂ ಉಸಾರಾಗಿರ್ಬೇಕಲ್ವಾ? ದೇಸದ ಇಸ್ಯ."

"ಖಂಡಿತ ಇರ್ಬೇಕು. ಎಲ್ಲಿ, ನಿಮ್ಮ ಸ್ಟೇಟಸ್ ತೋರಿಸಿ."

ಅವರು ತಾವೇ ತೆಗೆದ ವಿಡಿಯೋವನ್ನು ಹೆಮ್ಮೆಯಿಂದಲೇ ತೋರಿಸಿದರು. ಆ ಊರಿನ ಹಳಬರಿಗೆ ವಿಮಾನವೆಂದರೆ ಮನೆಮಗನಿದ್ದಂತೆ. ತಾರಸಿಯಲ್ಲಿ ಹರವಿದ ಸಂಡಿಗೆ, ಅದರಾಚೆ ಒಂದರ ಹಿಂದೊಂದು ಮೇಲೇಳುವ ಯುದ್ಧವಿಮಾನಗಳು, ಜೊತೆಗೊಂದು ಶುಭೋದಯ.

"ಇದನ್ನ ಯಾರ್ಯಾರು ನೋಡ್ತಾರೆ?"

"ನಮ್ಮೋರೇ ಕಣೆ. ನೆಂಟ್ರು, ಆಲು ಆಕೋನು, ಸೈಟು ಬ್ರೋಕರ್‌ಗಳು, ಅವ್ರ ಕಡೆಯೋರು..." ಮಾತು ಅಲ್ಲಿಗೇ ನಿಂತಿತು.

"ಎಷ್ಟು ವಿಮಾನ, ಯಾವಾಗ, ಯಾವ ಕಡೆ ಹೋದ್ವು, ಎಲ್ಲಾ ಇದೆ ಇದ್ರಲ್ಲಿ. ನಿಮ್ಮ ಮನಸ್ಸು ಒಳ್ಳೇದೇ. ಆದ್ರೆ ಕೈ ದಾಟಿದ ವಿಡಿಯೋ ಯಾರ ಕೈ ಸೇರುತ್ತೋ?"

"ಅಯ್ಯೋ ಸಿವನೇ! ಪೊಲೀಸ್ನೋರು ನನ್ನೇ ಇಡ್ಕೊಂಡೋಗ್ತಾರಾ?"

"ಮೊದ್ಲು ಅಳಿಸಿ."

ಅಳಿಸಿದರು. "ಅಂಗಾದ್ರೆ ನಿಜವಾಗ್ಲೂ ಅನುಮಾನ ಬಂದ್ರೆ ಏನ್ ಮಾಡಾದು?"

"೧೧೨ಕ್ಕೆ ಫೋನ್ ಮಾಡಿ. ಕಣ್ಣಾರೆ ಕಂಡಿದ್ದಷ್ಟೇ ಹೇಳಿ. ತನಿಖೆ ಅವ್ರ ಕೆಲಸ. ಹೆಸರು ನೋಡಿ, ಬಟ್ಟೆ ನೋಡಿ ಗ್ರೂಪಲ್ಲೇ ತೀರ್ಪು ಕೊಟ್ರೆ ಬೀದಿ ಎರಡಾಗುತ್ತೆ. ನಮ್ಮನ್ನ ಒಡೀಬೇಕು ಅಂತಿರೋರಿಗೆ ಅಷ್ಟೇ ಬೇಕಾಗಿರೋದು."

ಮುನಿಕೃಷ್ಣಮ್ಮ ಬೀದಿಯ ಗ್ರೂಪ್ ತೆರೆದರು. ಆಮೇಲೆ ಫೋನನ್ನು ಬಾಯಿ ಹತ್ತಿರ ಹಿಡಿದು ಗ್ರೂಪಿಗೇ ಹೇಳಿದರು: "ನಾನು ಮುನಿಕೃಷ್ಣಮ್ಮ. ನಮ್ಮ ಮೇಲಿನ ಮನೆ ಮಗೀನ ಬಗ್ಗೆ ತಪ್ಪು ತಿಳ್ಕೊಂಡಿದ್ದೆ. ಅದು ಓದ್ತಿತ್ತು. ಇನ್ನು ಯಾರೂ ಅದ್ರ ಬಗ್ಗೆ ಮಾತಾಡ್ಬೇಡಿ."

ಮಂಡಿ ಹಿಡಿದುಕೊಂಡು ಮೆಟ್ಟಿಲು ಹತ್ತಿದರು. "ಏಳವ್ವ, ಮೇಲೋಗಿ ಓದ್ಕೋ. ಮನೆ ಖಾಲಿ ಮಾಡೋದೇನೂ ಬ್ಯಾಡ ಅಂತ ಅಪ್ಪಂಗೆ ಏಳು."

ಶಾಜಿಯಾ ತಕ್ಷಣ ಏಳಲಿಲ್ಲ. ಬಾಗಿಲಲ್ಲಿ ನಿಂತಿದ್ದ ತಾಯಿಯ ಮುಖ ನೋಡಿದಳು. ತಾಯಿ ತಲೆಯಾಡಿಸಿದ ಮೇಲೆ ಪುಸ್ತಕ ಎತ್ತಿಕೊಂಡಳು.

ಅಕ್ಕಂದಿರೇ, ಅಣ್ಣಂದಿರೇ, ಸೇನೆಯ ವಿಮಾನ, ವಾಹನಗಳ ಓಡಾಟವನ್ನು ಸ್ಟೇಟಸ್‌ಗೆ, ಗ್ರೂಪಿಗೆ ಹಾಕಬೇಡಿ. ಮೂಲ ಗೊತ್ತಿಲ್ಲದ ಮಾತನ್ನು ಮುಂದಕ್ಕೆ ಕಳಿಸಬೇಡಿ. ಅನುಮಾನವಿದ್ದರೆ ಪೊಲೀಸರಿಗೆ ಹೇಳಿ, ಬೀದಿಗಲ್ಲ. ಪಕ್ಕದ ಮನೆಯವರ ಭಾಷೆ, ಧರ್ಮ ಯಾವುದೇ ಇರಲಿ, ಒಮ್ಮೆ ಕರೆದು ಮಾತಾಡಿಸಿ. ಗಡಿ ಕಾಯುವವರು ನಮಗೆ ಬೆನ್ನು ಮಾಡಿ ನಿಂತಿರುವುದು ನಮ್ಮನ್ನು ನಂಬಿಕೊಂಡೇ.