ಲಾಲ್ ಬಾಷಾ ಮುಚ್ಚಿಟ್ಟ ಮೋಟಾರು

ಶಿಡ್ಲಘಟ್ಟದ ನಮ್ಮ ಬೀದಿಯಲ್ಲಿ ರೇಷ್ಮೆ ನೂಲು ತೆಗೆಯುವ ಮನೆಗಳೇ ಹೆಚ್ಚು. ಲಾಲ್ ಬಾಷಾ ಅವರದು ಕೈಚರಕ. ಬೆಂದ ಗೂಡಿನಿಂದ ಹೆಂಡತಿ ತಾಹಿರಾ ಎಳೆ ಹಿಡಿದು ಕೊಡುತ್ತಿದ್ದಳು, ಅವರು ಚಕ್ರ ತಿರುಗಿಸುತ್ತಿದ್ದರು. "ಮೋಟಾರು ಹಾಕಿಸ್ಕೊಳ್ರೀ ಸಾಬ್ರೆ" ಅಂದರೆ, "ನನ್ನ ತೋಳಿಗೆ ಕರೆಂಟ್ ಬಿಲ್ ಬರಲ್ಲಮ್ಮ" ಅಂತ ನಗುತ್ತಿದ್ದರು.

ಆ ಲಾಲ್ ಬಾಷಾ ತೀರಿಕೊಂಡರು. ತಾಹಿರಾ ಇದ್ದತ್ ಕೂತಳು. ಗಂಡ ಸತ್ತ ಹೆಂಗಸು ನಾಲ್ಕು ತಿಂಗಳು ಹತ್ತು ದಿನ ಹೊಸ್ತಿಲು ದಾಟದೆ ಇರುವ ಪದ್ಧತಿ ಅದು.

ಅಂಥ ಹೊತ್ತಿನಲ್ಲೇ ಕರೆಂಟಿನವರು ತಪಾಸಣೆಗೆ ಬಂದರು. ಚರಕಕ್ಕೆ ಕಟ್ಟಿದ್ದ ಸಣ್ಣ ಮೋಟಾರು ಕಂಡರು. ಮನೆ ಮೀಟರಿನ ಕರೆಂಟನ್ನು ಕಸುಬಿಗೆ ಬಳಸಿದ್ದಾರೆ ಅಂತ ಬರೆದುಕೊಂಡರು. ಆಮೇಲೆ ನೋಟೀಸು ಬಂತು. ಒಂದು ವರ್ಷ ಪೂರ್ತಿ ಬಳಸಿದ ಲೆಕ್ಕಕ್ಕೆ ದಂಡ.

ಬೀದಿಯ ಬಾಯಿ ಸುಮ್ಮನಿದ್ದೀತೆ? "ತೋಳು ತೋಳು ಅಂತಿದ್ದ. ಒಳಗೆ ಕರೆಂಟು ಕದೀತಿದ್ದ" ಅಂದರು. ಆ ಮಾತು ಗೋಡೆ ದಾಟಿ ತಾಹಿರಾಳ ಕಿವಿಗೂ ಬಿತ್ತು.

ಚಿಂತಾಮಣಿ ಮಂಡಿಯಲ್ಲಿ ತರಕಾರಿ ವ್ಯಾಪಾರ ಮಾಡುವ ಮೈದುನ ಹಫೀಜ್ ಓಡಿ ಬಂದ. "ಭಾಬಿ, ಚರಕ ಮಾರಿ ಕಟ್ಬಿಡಣ. ಸರ್ಕಾರದೋರ ಹತ್ರ ವಾದ ಮಾಡಿ ಗೆದ್ದೋರುಂಟಾ?"

"ಚರಕ ಮಾರಿದ್ರೆ ನಾಳೆ ತಿನ್ನೋದೇನು?"

ನಮ್ಮ ಮಹಿಳಾ ಸಂಘದ ಕಲ್ಯಾಣಿ ತಾಲ್ಲೂಕು ಕಾನೂನು ನೆರವು ಸಮಿತಿಯಲ್ಲಿ ಸ್ವಯಂಸೇವಕಿ. ಅವಳನ್ನು ಕರೆಸಿದೆವು. ನೋಟೀಸು ಓದಿದಳು.

"ಹಫೀಜಣ್ಣ, ಇದರಲ್ಲಿ ಕಳ್ಳತನ ಅನ್ನೋ ಮಾತೇ ಇಲ್ಲ. ಇದು ಕೊನೇ ಲೆಕ್ಕವೂ ಅಲ್ಲ, ತಾತ್ಕಾಲಿಕದ್ದು. ಇಲ್ಲಿರೋ ಗಡುವಿನೊಳಗೆ ತಕರಾರು ಬರ್ದು ಕೊಡಬಹುದು. ನಮ್ಮ ಮಾತು ಕೇಳೇ ಅವರು ಕೊನೇ ಆದೇಶ ಮಾಡ್ಬೇಕು."

"ಭಾಬಿ ಹೊರಗೆ ಬರೋ ಹಾಗಿಲ್ವಲ್ಲ."

"ಅಕ್ಕ ಸಹಿ ಹಾಕಿ ಅಧಿಕಾರ ಪತ್ರ ಕೊಟ್ರೆ ನೀನೇ ಹೋಗು. ಮಂಡೀಲಿ ಟೊಮ್ಯಾಟೊ ಕೂಗೋ ಬಾಯಿ ಅಲ್ಲಿ ಬಿದ್ದುಹೋಗತ್ತಾ?"

"ಮೋಟಾರು ಇದ್ದಿದ್ದು ನಿಜ ತಾನೆ ತಾಯಿ?"

"ನಿಜಾನ ಇಲ್ಲ ಅನ್ನೋದು ಬೇಡ. ಎಷ್ಟು ದಿನ ಓಡ್ತು ಅಂತ ಹೇಳಣ. ಯಾವಾಗಿಂದ ಅಂತ ಗೊತ್ತಾಗದಿದ್ರೆ ಒಂದು ವರ್ಷ ಅಂತ ಹಿಡೀತಾರೆ. ತಾಹಿರಕ್ಕಾ, ಮೋಟಾರು ಯಾವಾಗ ಬಂತು?"

ತಾಹಿರಾ ತಲೆ ತಗ್ಗಿಸಿದಳು. "ಹೇಳಲ್ಲ ಅಂತ ಅವರಿಗೆ ಮಾತು ಕೊಟ್ಟಿದ್ದೀನಿ."

ಕಲ್ಯಾಣಿ ನೋಟೀಸನ್ನು ಅವಳ ಮುಂದಿಟ್ಟಳು. ಆಮೇಲೆ ಅವಳೇ ಶುರುಮಾಡಿದಳು.

"ರಂಜಾನ್ ಕಳೆದ ಮೇಲೆ ಅವರ ಬಲಗೈ ಮೇಲೇಳಲಿಲ್ಲ. ತುತ್ತು ನಾನೇ ಇಡ್ತಿದ್ದೆ. 'ಬೀದಿಗೆ ಗೊತ್ತಾಗಬಾರ್ದು' ಅಂದ್ರು. ಗಂಗರಾಜು ಅಂಗಡಿಯಿಂದ ಮೋಟಾರು ತರಿಸಿ, ಕಿಟಕಿಗೆ ಪರದೆ ಕಟ್ಸಿದ್ರು. ಕರೆಂಟಿನವರಿಗೆ ಹೆದರಿ ಅಲ್ಲಮ್ಮ. ಲಾಲ್ ಬಾಷಾ ತೋಳು ಹೋಯ್ತು ಅಂತಾರಲ್ಲ, ಅದಕ್ಕೆ."

ಹಫೀಜ್ ಗೋಡೆಗೆ ಮುಖ ತಿರುಗಿಸಿದ. "ನನಗೂ ಹೇಳಲಿಲ್ವಲ್ಲ ಅಣ್ಣ..."

"ಇದನ್ನ ಬರೀಲೇಬೇಕಾ ಕಲ್ಯಾಣಿ?" ತಾಹಿರಾ ಕೇಳಿದಳು.

"ಬರೀದಿದ್ರೆ ವರ್ಷವೆಲ್ಲಾ ಓಡ್ಸಿದ್ರು ಅಂತ ಉಳಿಯತ್ತೆ ಅಕ್ಕಾ."

ತಾಹಿರಾ ಕಣ್ಣೊರೆಸಿಕೊಂಡಳು. "ಕೈ ಬಿದ್ದುಹೋಗಿತ್ತು ಅಂತ ಬರಿ. ಕಳ್ಳ ಅನ್ನೋದಕ್ಕಿಂತ ಅದು ವಾಸಿ."

ಆಸ್ಪತ್ರೆ ಚೀಟಿ, ಮೋಟಾರಿನ ರಸೀದಿ, ಹಳೇ ಕರೆಂಟ್ ಬಿಲ್ಲುಗಳನ್ನು ಜೋಡಿಸಿದೆವು. ರಂಜಾನ್ ಆದಮೇಲಿನ ಬಿಲ್ಲುಗಳಲ್ಲಿ ಮಾತ್ರ ಯೂನಿಟ್ ಏರಿತ್ತು. ಹಫೀಜ್ ತಕರಾರು ಕೊಟ್ಟು, ಪ್ರತಿಯ ಮೇಲೆ ಮೊಹರು ಹಾಕಿಸಿಕೊಂಡು ಬಂದ. ವಿಚಾರಣೆ ದಿನ ಗಂಗರಾಜು ಕೂಡ ಹೋಗಿ, ಮೋಟಾರು ಮಾರಿದ್ದು ಯಾವಾಗ ಅಂತ ಹೇಳಿದ. ಅಧಿಕಾರಿ ಎಲ್ಲ ನೋಡಿ, ದಂಡವನ್ನು ಮೋಟಾರು ಓಡಿದ ತಿಂಗಳುಗಳಷ್ಟಕ್ಕೇ ಇಳಿಸಿದರು. ತಾಹಿರಾ ಮನೆಯವರು ಅಷ್ಟನ್ನು ಕಟ್ಟಿದರು. ಚರಕ ಉಳಿಯಿತು.

ಆದೇಶವನ್ನು ಹಫೀಜ್ ಬಾಗಿಲ ಬಳಿ ನಿಂತು ಓದಿದ. ಒಳಗಿನಿಂದ ತಾಹಿರಾ ಅಂದಳು, "ಇನ್ನೊಂದ್ಸಲ ಓದು. ಬೀದಿಗೆ ಕೇಳೋ ಹಾಗೆ."

ಈಗ ಅವಳ ಇದ್ದತ್ ಮುಗಿದಿದೆ. ಕಸುಬಿಗೇ ಅಂತ ಬೇರೆ ಮೀಟರು ಹಾಕಿಸಿಕೊಂಡಿದ್ದಾಳೆ. ಮೋಟಾರು ಓಡುತ್ತದೆ. ಕಿಟಕಿಗೆ ಪರದೆ ಇಲ್ಲ.

ಅಕ್ಕತಂಗಿಯರೇ, ಅಣ್ಣತಮ್ಮಂದಿರೇ, ಕಸುಬಿಗೆ ಕರೆಂಟು ಬೇಕಾದರೆ ಮೊದಲೇ ಅರ್ಜಿ ಹಾಕಿ. ಹಳೇ ಬಿಲ್ಲು ಒಲೆಗೆ ಹಾಕಬೇಡಿ. ದಂಡದ ನೋಟೀಸು ಬಂದರೆ ಹೆದರಿ ಮನೆ ಸಾಮಾನು ಮಾರಬೇಡಿ, ಗಡುವು ನೋಡಿ ತಕರಾರು ಕೊಡಿ. ಕೊನೇ ಆದೇಶವೂ ಸರಿಯಿಲ್ಲ ಅನ್ನಿಸಿದರೆ, ಅರ್ಧ ಹಣ ಕಟ್ಟಿ ಮೂವತ್ತು ದಿನದೊಳಗೆ ಮೇಲ್ಮನವಿ ಹಾಕಬಹುದು. ಹೆಂಗಸರಿಗೆ ಕಾನೂನು ನೆರವು ಪುಕ್ಕಟೆ, 15100ಕ್ಕೆ ಫೋನ್ ಮಾಡಿ.

ಮತ್ತೆ, ಕೈ ಸೋತರೆ ಬಾಯಿಬಿಟ್ಟು ಹೇಳಿ. ಲಾಲ್ ಬಾಷಾ ಒಂದು ಮಾತು ಹೇಳಿದ್ದರೆ, ಆ ಚಕ್ರ ತಿರುಗಿಸಲು ಬೀದಿ ತುಂಬ ಕೈಗಳಿದ್ದವು.